ಕೊಳಕುಮಂಡಲದ ಸರದಿ

ವಿಷಜೀವಿಗಳ ವಿಕಾಸವನ್ನೇ ಜೀವಮಾನವಿಡೀ ಅಭ್ಯಸಿಸಿದ ವಿಜ್ಞಾನಿ ಶಶಿರೇಖಾ ನಿವೃತ್ತರಾದ ದಿನ ಇದು ನಡೆಯಿತು. ಕೊನೆಯ ಸಲ ವಿಷ ತೆಗೆಯಲು ಅವರು ಮುದಿ ಕೊಳಕುಮಂಡಲದ ಕತ್ತು ಹಿಡಿದರು. ಕೈ ನಡುಗಿ ಹಿಡಿತ ಸಡಿಲವಾಯಿತು.

“ಕಚ್ಚಪ್ಪ ಮುದಿಯಾ, ಇಂಥ ಅವಕಾಶ ಮತ್ತೆ ಸಿಗದು,” ಎಂದು ಹಾವು ಹಿಡಿಯುವ ಕೊಕ್ಕೆ ಕೆಣಕಿತು.

“ಎಳೆಯ ವಯಸ್ಸಿನಲ್ಲಿ ಕಚ್ಚಿದ್ದೆ. ಇವರ ಒಂದು ಬೆರಳು ಹೋಯಿತು. ಎಲ್ಲರೂ ನನ್ನನ್ನು ಕೊಲ್ಲಿ ಎಂದರು. ಇವರು ಮಾತ್ರ, ‘ತಪ್ಪು ಹಾವಿನದಲ್ಲ, ನನ್ನ ಅವಸರದ್ದು’ ಎಂದು ಆಸ್ಪತ್ರೆಯಿಂದ ಬಂದವರೇ ನನಗೆ ನೀರಿಟ್ಟರು. ಅಂದಿನಿಂದ ಕೈ ಬೆಚ್ಚಗೆ ಮಾಡಿಕೊಂಡೇ ನನ್ನನ್ನು ಮುಟ್ಟುತ್ತಾರೆ.”

“ಅದಕ್ಕೆ?”

“ಇಂದು ಅವರ ಕೈ ನಡುಗುತ್ತಿದೆ. ಅಲುಗದೆ ಇರುವ ಸರದಿ ನನ್ನದು.”

ಹಾವು ತಾನಾಗಿಯೇ ಗಾಜಿನ ಬಟ್ಟಲಿಗೆ ಹಲ್ಲೂರಿ ವಿಷ ಬಿಟ್ಟಿತು. ಸಂಜೆ ಶಶಿರೇಖಾ ಮನೆಗೆ ಹೊರಟಾಗ ಅವರ ಕೈಬೆರಳುಗಳು ಇನ್ನೂ ಒಂಬತ್ತು.