ಗುಂಡಿಗೆ ಗುದ್ದಲು ಕಲಿತದ್ದು

ಲೋಕ ಹೊಸದಾಗಿದ್ದಾಗ, ಬೆಟ್ಟಗಳು ಇನ್ನೂ ಹಸಿ ಮಡಕೆಯ ಹಾಗೆ ಮೆತ್ತಗಿದ್ದಾಗ, ಮನುಷ್ಯರ ಗುಂಡಿಗೆ ಸದ್ದೇ ಮಾಡುತ್ತಿರಲಿಲ್ಲ. ಓಡಿದರೂ ಇಲ್ಲ, ಹತ್ತಿದರೂ ಇಲ್ಲ. ಮಹಾ ಸೋಮಾರಿ ಅದು. ನಗಬೇಡ ಮಗಾ, ಥೇಟ್ ನಿನ್ನ ಹಾಗೇ ಇತ್ತು.

ಆಗ ಜಡೆಯ ಅಂತ ಒಬ್ಬ ಇದ್ದ. ಬಂಡೆಯ ನೆತ್ತಿಯಿಂದ ಹಗ್ಗ ಇಳಿಬಿಟ್ಟು, ಅದಕ್ಕೆ ಜೋತುಬಿದ್ದು ಜೇನು ಕೀಳುತ್ತಿದ್ದ. ಮೇಲೆ ಕೂತು ಹಗ್ಗ ಹಿಡಿಯುವವನು ಅವನ ಹೆಂಡತಿಯ ತಮ್ಮ ಕೇತ. ಬೇರೆ ಯಾರ ಕೈಗೂ ಹಗ್ಗ ಕೊಡುವ ಹಾಗಿಲ್ಲ. ಯಾಕೆ ಹೇಳು? ಅಕ್ಕನ ತಾಳಿ ಹರಿಯಲು ಯಾವ ತಮ್ಮ ತಾನೇ ಬಿಟ್ಟಾನು?

ಒಂದು ಮಧ್ಯಾಹ್ನ ಜಡೆಯ ಅರ್ಧ ಬಂಡೆ ಇಳಿದಿದ್ದಾಗ ಮಂಜು ಬಂತು. ಆ ಕಾಲದ ಮಂಜಿಗೆ ಬಾಯಿ ಇತ್ತು, ಸ್ವಂತ ದನಿ ಇರಲಿಲ್ಲ. ಯಾರ ದನಿ ಕೇಳಿತೋ ಅದನ್ನೇ ಕದ್ದು ಮಾತಾಡುತ್ತಿತ್ತು. ಜೇನುನೊಣಗಳು ಸುಮ್ಮನಾದವು. ಕೆಳಗಿನ ಹೊಳೆಯೂ ಸುಮ್ಮನಾಯಿತು. ಜಡೆಯನಿಗೆ ತನ್ನ ಕಾಲೇ ಕಾಣಲಿಲ್ಲ.

ಕಿವಿಯ ಹತ್ತಿರ ಕೇತನ ದನಿ ಬಂತು. "ಜಡೆಯಾ, ನೆಲ ಬಂತು. ಕೈ ಬಿಡು."

ದಣಿದ ಬೆರಳುಗಳಿಗೆ ಅಷ್ಟೇ ಬೇಕಾಗಿತ್ತು. ಒಂದು ಸಡಿಲವಾಯಿತು. ಇನ್ನೊಂದೂ ಸಡಿಲವಾಯಿತು.

"ಜಡೆಯಾ, ಕೈ ಬಿಡು."

ಆಗ ಗುಂಡಿಗೆಗೆ ಎಚ್ಚರವಾಯಿತು. ಏನೋ ಸರಿಯಿಲ್ಲ ಅನಿಸಿತು. ಪಾಪ, ಅದಕ್ಕೆ ಮಾತು ಬರದು, ಏನು ಮಾಡೀತು? ಪಕ್ಕೆಲುಬಿಗೆ ಗುದ್ದಿತು. ಡವ ಡವ ಡವ ಡವ. ಆ ಗುದ್ದಿಗೆ ಉಸಿರು ಎದ್ದು ಓಡಿತು. ಮೈಯ ಕೂದಲೆಲ್ಲ ಎದ್ದು ನಿಂತು ಕಿವಿಗೊಟ್ಟಿತು. ಬೆರಳುಗಳು ಮತ್ತೆ ಹಗ್ಗ ಬಿಗಿದವು. ಎಲ್ಲರೂ ಎದ್ದ ಮೇಲೆ, ಕಟ್ಟಕಡೆಗೆ, ಬುದ್ಧಿ ಎದ್ದಿತು. ಅಯ್ಯೋ, ಕೇತ ನನ್ನನ್ನು ಭಾವ ಅನ್ನದೆ ಹೆಸರು ಹಿಡಿದು ಎಂದಾದರೂ ಕರೆದಿದ್ದಾನೆಯೇ?

ಜಡೆಯ ಓಗೊಡಲಿಲ್ಲ. ಹಗ್ಗ ಹಿಡಿದೇ ಮೇಲೆ ಹತ್ತಿದ.

ಮೇಲೆ ಕೇತ ಹಗ್ಗ ಅಪ್ಪಿಕೊಂಡು ಅಳುತ್ತಾ ಕೂತಿದ್ದ. "ಭಾವ, 'ಹಗ್ಗ ಬಿಡು, ನಾನು ಇಳಿದಾಯಿತು' ಅಂತ ಕೆಳಗಿಂದ ನೀನೇ ಕೂಗ್ತಾ ಇದ್ದೆ. ಅಕ್ಕನ ಮುಖ ಕಣ್ಣಿಗೆ ಬಂತು. ನಾನು ಬಿಡಲಿಲ್ಲ."

ಜಡೆಯ ಒಂದು ಸಲವೂ ಕೂಗಿರಲಿಲ್ಲ.

ಹೊಟ್ಟೆಪಾಡು ಕೇಳಬೇಕಲ್ಲ, ಮಾರನೆಯ ದಿನವೂ ಇಳಿದ. ಗುಂಡಿಗೆ ಗುದ್ದಿತು, ತುಸು ಮೆಲ್ಲಗೆ. ಇಳಿದು ಇಳಿದು ಬಂಡೆ ಅದಕ್ಕೆ ರೂಢಿಯಾಯಿತು. ಮಂಜು ಮಾತ್ರ ರೂಢಿಯಾಗಲೇ ಇಲ್ಲ.

ಅದಕ್ಕೇ ಮಗಾ, ಬೆಟ್ಟ ಹತ್ತುವಾಗ ನಿನ್ನ ಎದೆ ಡವಡವ ಅನ್ನುತ್ತದೆ, ಹತ್ತಿ ಹತ್ತಿ ರೂಢಿಯಾದರೆ ತಗ್ಗುತ್ತದೆ. ಆದರೆ ಬಿಳಿ ಮಂಜಿನಲ್ಲಿ ಸುಮ್ಮನೆ ನಿಂತಿದ್ದಾಗ ಮೈಗೂದಲು ತಾನಾಗಿ ಎದ್ದು ನಿಂತರೆ, ನಮ್ಮವರ ದನಿಯಲ್ಲಿ ಯಾರೋ ನಿನ್ನನ್ನು ಕರೆಯಲಿದ್ದಾರೆ ಅಂತ ತಿಳಿ.