ಎರಡೂ ಕಡೆಯ ವಕೀಲರು

ನೇರಳೆಗುಡ್ಡದ ಕಾಡಿನಲ್ಲೊಂದು ಕೆರೆ, ಕೆರೆ ಏರಿಯ ಮೇಲೊಂದು ಹುಣಸೆಮರ. ಆ ಮರದ ಕೆಳಗೆ ಮುಂಗುಸಿ ತಿರುಕಪ್ಪನೂ ಗಿಳಿ ಪದ್ದಕ್ಕನೂ ಸೇರಿ ವಕೀಲರ ಕಚೇರಿ ತೆರೆದರು. ತಿರುಕಪ್ಪ ವಿಷಯ ಕೆದಕುವುದರಲ್ಲಿ ಗಟ್ಟಿಗ. ಪದ್ದಕ್ಕ ಬಾಯಿ ತೆರೆದರೆ ಎದುರಿನವರಿಗೆ ತಮ್ಮ ಹೆಸರೇ ಮರೆತುಹೋಗುತ್ತಿತ್ತು.

ಕಾಡುಹಂದಿ ಕಿತ್ತುಕೊಂಡಿದ್ದ ಗೆಣಸಿನ ಜಾಗವನ್ನು ಅವರು ಬಡ ಮೊಲಕ್ಕೆ ಬಿಡಿಸಿಕೊಟ್ಟರು. ಆಮೇಲೆ ಕೇಳಬೇಕೆ, ಮಕ್ಕಳೇ? ಬಾಲ ತುಳಿದದ್ದಕ್ಕೂ ಮೊಕದ್ದಮೆ, ಗೊರಕೆ ಹೊಡೆದದ್ದಕ್ಕೂ ಮೊಕದ್ದಮೆ. ಇಬ್ಬರಿಗೂ ಹೊಟ್ಟೆ ಬಂತು. ಬಂದವರಿಗೆ "ಆಗುವುದಿಲ್ಲ" ಎನ್ನುವ ಅಭ್ಯಾಸವೇ ತಪ್ಪಿಹೋಯಿತು.

ಒಂದು ಬೆಳಿಗ್ಗೆ ಉಡ ಬಂದು ತಿರುಕಪ್ಪನ ಕಿವಿಯಲ್ಲಿ ಹೇಳಿತು: "ಏರಿಯ ಬಿಲ ತನ್ನದು ಅಂತ ಮುಳ್ಳುಹಂದಿ ಜಗಳ ತೆಗೆದಿದೆ, ಸ್ವಾಮಿ. ನಿಜ ಹೇಳಬೇಕೆಂದರೆ ತೋಡಿದ್ದು ನಾನಲ್ಲ. ಖಾಲಿ ಇತ್ತು, ಸೇರಿಕೊಂಡೆ. ಒಳಗೆ ಮೊಟ್ಟೆ ಇಟ್ಟಿದ್ದೇನೆ. ಈಗ ಎಲ್ಲಿಗೆ ಹೋಗಲಿ?"

ಮಧ್ಯಾಹ್ನ ಮುಳ್ಳುಹಂದಿ ಪದ್ದಕ್ಕನ ಹತ್ತಿರ ಬಂತು. "ಆ ಬಿಲ ತೋಡಿದ್ದು ನಾನೇ, ಅಕ್ಕ. ಬೇಸರವಾಗಿ ಬಿಟ್ಟುಹೋಗಿದ್ದೆ. ಈಗ ಬಸುರಿ, ಅದೇ ಬೇಕು. ಬಿಟ್ಟುಹೋದದ್ದು ಮಾತ್ರ ಯಾರಿಗೂ ಗೊತ್ತಾಗಬಾರದು."

ಸಂಜೆ ಶುಲ್ಕವಾಗಿ ಬಂದ ಸೀಬೆಹಣ್ಣು ತಿನ್ನುತ್ತಾ ವಕೀಲರಿಬ್ಬರೂ ಒಬ್ಬರಿಗೊಬ್ಬರು ಎಲ್ಲವನ್ನೂ ಹೇಳಿಕೊಂಡರು.

"ಒಬ್ಬರನ್ನು ಬಿಟ್ಟುಬಿಡೋಣ," ಎಂದಳು ಪದ್ದಕ್ಕ.

"ಯಾಕೆ? ಯಾರು ಗೆದ್ದರೂ ಗೆಲುವು ನಮ್ಮದೇ," ಎಂದ ತಿರುಕಪ್ಪ.

ಪದ್ದಕ್ಕನಿಗೂ ಅದು ಸರಿ ಅನ್ನಿಸಿತು. ಹಣ್ಣು ಅಷ್ಟು ರುಚಿಯಾಗಿತ್ತು.

ಕಾಡಿನವರೆಲ್ಲ ನೆರೆದ ಸಭೆಯಲ್ಲಿ, ನ್ಯಾಯ ಹೇಳುವ ಆನೆಯಜ್ಜಿಯ ಮುಂದೆ ವಾದ ಶುರುವಾಯಿತು. ಪದ್ದಕ್ಕನಿಗೆ ಹುಮ್ಮಸ್ಸು ಏರಿತು. "ಈ ಉಡ ಒಂದು ಹಿಡಿ ಮಣ್ಣು ತೆಗೆದಿಲ್ಲ. ಖಾಲಿ ಬಿಲ ಕಂಡು ನುಸುಳಿದ್ದು."

ತಿರುಕಪ್ಪ ಬಿಡುತ್ತಾನೆಯೆ? "ಆ ಮುಳ್ಳುಹಂದಿ ತಾನೇ ಬೇಸರವಾಗಿ ಬಿಟ್ಟುಹೋದದ್ದು."

ಉಡವೂ ಮುಳ್ಳುಹಂದಿಯೂ ಥಟ್ಟನೆ ತಲೆ ಎತ್ತಿದವು.

"ಇದೆಲ್ಲ ನಿಮಗೆ ಹೇಗೆ ಗೊತ್ತು?" ಆನೆಯಜ್ಜಿ ಕೇಳಿದಳು.

"ನಾನೇ ಹೇಳಿದ್ದೆ, ಆದರೆ ಗಿಳಿಗಲ್ಲ," ಎಂದಿತು ಉಡ.

"ನಾನೂ ಹೇಳಿದ್ದೆ, ಮುಂಗುಸಿಗಲ್ಲ," ಎಂದಿತು ಮುಳ್ಳುಹಂದಿ.

ಎರಡೂ ಮುಖ ಮುಖ ನೋಡಿಕೊಂಡವು. ಬದಿಗೆ ಹೋಗಿ ಸ್ವಲ್ಪ ಹೊತ್ತು ಮಾತಾಡಿ ಬಂದವು.

"ಬಿಲ ದೊಡ್ಡದಿದೆ, ಅಜ್ಜಿ," ಎಂದಿತು ಮುಳ್ಳುಹಂದಿ. "ಒಂದು ಮೂಲೆಯಲ್ಲಿ ಇವಳ ಮೊಟ್ಟೆ, ಇನ್ನೊಂದರಲ್ಲಿ ನನ್ನ ಮರಿ. ವಕೀಲರು ಬೇಡ."

"ಅದೇ ತೀರ್ಪು," ಎಂದು ಆನೆಯಜ್ಜಿ ಎದ್ದಳು.

ಹಿಂದೆ ಕೂತಿದ್ದ ಅಳಿಲಿಗೆ ಗಾಬರಿಯಾಯಿತು. "ಹಾಗಾದರೆ ನಾನು ಹೇಳಿದ್ದು ಯಾರ ಕಿವಿಗೆ ಹೋಗಿದೆಯೋ?" ಎನ್ನುತ್ತಾ ಮನೆಗೆ ಓಡಿತು. ಅದರ ಹಿಂದೆ ಉಳಿದವರೂ ಓಡಿದರು.

ಮರುದಿನ ಹುಣಸೆಮರದ ಕೆಳಗೆ ವಕೀಲರಿಬ್ಬರೇ. ಕಚ್ಚಾಡುತ್ತಾ ಬಂದ ಎರಡು ಕೋತಿಗಳು ಅವರನ್ನು ಕಂಡದ್ದೇ ಬಾಯಿ ಮುಚ್ಚಿ, ಹೆಗಲ ಮೇಲೆ ಕೈ ಹಾಕಿಕೊಂಡು ಮುಂದೆ ನಡೆದವು.

ನೀತಿ: ಎರಡೂ ಕಡೆಯವರ ಗುಟ್ಟು ಇಟ್ಟುಕೊಂಡವರನ್ನು ಕೊನೆಗೆ ಯಾವ ಕಡೆಯವರೂ ನಂಬುವುದಿಲ್ಲ.