ಚರಗದ ದಾರಿ

ಡೋಣಿ ಹೊಳೆಯ ಸಾಲಿನಲ್ಲಿರುವ ಕೆಂಚನಾಳಕ್ಕೆ ಹೋದವರು ಊರಾಚೆಯ ಬನ್ನಿಮರದ ಬುಡದಲ್ಲಿ ನಿಂತು ನೋಡಿದರೆ, ದೊಡ್ಡದೊಂದು ಎರೆಹೊಲದ ನಟ್ಟನಡುವೆ ಹಾಯ್ದು ಹೊಳೆಯ ಕಡೆಗೆ ಇಳಿಯುವ ಬಂಡಿದಾರಿ ಕಾಣುತ್ತದೆ. ಹೊಲ ಒಬ್ಬರದು, ದಾರಿ ಹಿಡಿದು ಹೋಗುವವರು ಇನ್ನೊಬ್ಬರು. ಹೊಲ ಎಷ್ಟೋ ಕೈ ಬದಲಾಯಿತು, ಎತ್ತಿನ ಬಂಡಿ ಹೋಗಿ ಟ್ರ್ಯಾಕ್ಟರ್ ಬಂತು, ಆದರೂ ಈ ದಾರಿಗೆ ನೇಗಿಲು ಹಚ್ಚಿದವರಿಲ್ಲ. ಈಗ ಗೇಣು ಬದುವಿಗಾಗಿ ಅಣ್ಣತಮ್ಮಂದಿರೇ ಕೋರ್ಟಿನ ಮೆಟ್ಟಿಲು ಸವೆಸುತ್ತಾರೆ, ಅವರಿಗೆ ಹೇಳುವವರಾದರೂ ಯಾರು! ಇದನ್ನು ಮಾತ್ರ ಹಿರಿಯರು ಚರಗದ ದಾರಿ ಎನ್ನುತ್ತಾರೆ, ಹೆಸರು ಬಂದ ಬಗೆಯನ್ನು ಹೀಗೆ ಹೇಳುತ್ತಾರೆ.

ಹಿಂದೆ ಒಮ್ಮೆ ಈ ಹೊಲ ಮುದಕಪ್ಪನೆಂಬ ಒಕ್ಕಲಿಗನದಾಗಿತ್ತು. ಅದರಾಚೆ, ಹೊಳೆಗೆ ತಾಗಿ, ಬಸಲಿಂಗವ್ವನ ಹೊಲ. ಅವಳ ಹೊಲಕ್ಕೆ ಬಂಡಿ ಹೋಗಲು ಬೇರೆ ದಾರಿಯಿರಲಿಲ್ಲ. ಮುದಕಪ್ಪನ ಅಪ್ಪ ಬಸಲಿಂಗವ್ವನ ಮಾವನಿಗೆ ಬಾಯಿಮಾತಿನಲ್ಲೇ ದಾರಿ ಬಿಟ್ಟಿದ್ದ. ಬಸಲಿಂಗವ್ವ ಮದುವೆಯಾಗಿ ಬಂದ ವರ್ಷದ ಎಳ್ಳಮಾಸೆಗೆ, ಎಳ್ಳು ಅಮಾವಾಸ್ಯೆಯ ಹಬ್ಬಕ್ಕೆ, ಬುತ್ತಿ ಹೊತ್ತು ಮೊದಲ ಬಾರಿ ನಡೆದದ್ದು ಈ ದಾರಿಯಲ್ಲೇ. ಎಂಥ ಕಾಲ ಅದು! ಎರಡೂ ಮನೆಯವರು ಬನ್ನಿಮರದ ಕೆಳಗೆ ಐದು ಕಲ್ಲು ಪೂಜಿಸಿ, ಎಳ್ಳು ಹಚ್ಚಿದ ಸಜ್ಜೆರೊಟ್ಟಿ, ಎಣ್ಣೆಗಾಯಿ, ಶೇಂಗಾ ಹೋಳಿಗೆ ಹಂಚಿಕೊಂಡು ಉಣ್ಣುತ್ತಿದ್ದರು. ಅದಕ್ಕೂ ಮುಂಚೆ ಭೂಮಿತಾಯಿಗೆ ಚರಗ. ಮುಂದೆ ನಡೆಯುವವರು, ಮಾಡಿದ ಅಡುಗೆಯನ್ನೆಲ್ಲ ಕಲಸಿ ಬೆಳೆಯ ಮೇಲೆ ಎರಚುತ್ತ ‘ಹುಲ್ಲುಲ್ಲಿಗೋ’ ಎಂದು ಕೂಗಬೇಕು. ಹಿಂದಿನವರು ನೀರು ಚಿಮುಕಿಸುತ್ತ ‘ಚಲ್ಲಾಂಬರಿಗೋ’ ಎಂದು ಓಗೊಡಬೇಕು. ಓಗೊಡುವ ದನಿ ಕೇಳದೆ ಮುಂದಿನವರು ಹೆಜ್ಜೆ ಇಡುವಂತಿಲ್ಲ. ತಮ್ಮ ಹೊಲ ಮುಗಿದ ಮೇಲೆ ಒಂದು ತುತ್ತನ್ನು ಈ ದಾರಿಗೂ ಹಾಕಲು ಅತ್ತೆ ಸೊಸೆಗೆ ಕಲಿಸಿದ್ದಳು. ಮುದಕಪ್ಪ ಅದನ್ನು ನೋಡಿ ಬಾಯ್ತುಂಬ ನಗುತ್ತಿದ್ದ. ಅತ್ತೆ ಹೋದಳು, ಗಂಡನೂ ಹೋದ, ಬಸಲಿಂಗವ್ವ ಆ ತುತ್ತು ತಪ್ಪಿಸಲಿಲ್ಲ.

ಮುದಕಪ್ಪ ತೀರಿಕೊಂಡ ಮೇಲೆ ಮಗ ಮಲಕಾಜಪ್ಪ ಹೊಲಕ್ಕೆ ಒಡೆಯನಾದ. ಸಣ್ಣಂದಿನಿಂದ ಸೋದರಮಾವನ ಊರಲ್ಲಿ ಬೆಳೆದವನು. ಆ ಸೀಮೆಯಲ್ಲಿ ಚರಗ ಚೆಲ್ಲುವುದೆಂದರೆ ಹೊಲ ನನ್ನದೆಂದು ನಾಲ್ಕು ಜನರೆದುರು ಸಾರಿದಂತೆ. ಆ ವರ್ಷದ ಎಳ್ಳಮಾಸೆಗೆ ತನ್ನ ಹೊಲದೊಳಗೆ ಬಸಲಿಂಗವ್ವ ತುತ್ತು ಎರಚುವುದನ್ನು ಕಂಡು ಅವನ ಮೈಯೆಲ್ಲ ಉರಿಯಿತು. ನಡೆಯಲು ಬಿಟ್ಟರೆ ನೆಲವನ್ನೇ ನುಂಗಲು ಹೊರಟಳಲ್ಲ ಎಂದು, ಮರುದಿನವೇ ದಾರಿಯ ಎರಡೂ ತುದಿಗೆ ಜಾಲಿಮುಳ್ಳು ಬಡಿಸಿದ. ಕೇಳಿದ್ದರೆ ಒಂದು ಮಾತಿನಲ್ಲಿ ಮುಗಿಯುತ್ತಿತ್ತು. ಕೇಳುವ ವ್ಯವಧಾನ ಯಾರಿಗಿತ್ತು?

ಬಸಲಿಂಗವ್ವನ ಜೋಳ ಆಗ ತೆನೆ ಕಟ್ಟಿ ನಿಂತಿತ್ತು. ಬಂಡಿ ಹೋಗದಿದ್ದರೆ ವರ್ಷದ ಕೂಳು ಹೊಲದಲ್ಲೇ ಉಳಿಯುವುದು. ಅವಳು ಊರ ದೈವವನ್ನು, ಅಂದರೆ ಹಿರಿಯರ ಪಂಚಾಯಿತಿಯನ್ನು, ಕೂಡಿಸಿದಳು. ಹಿರಿಯರು ಇಬ್ಬರ ಮಾತನ್ನೂ ಕೇಳಿ, ದಾರಿ ಹಳೆಯದು, ಬಿಡಲೇಬೇಕು ಎಂದರು. ಆದರೆ ಇನ್ನು ಮುಂದೆ ಆ ನೆಲಕ್ಕೆ ಚರಗ ಚೆಲ್ಲುವುದಿಲ್ಲವೆಂದು ಬಸಲಿಂಗವ್ವ ದೇವರ ಬಂಡಾರದ ಅರಿಶಿನ ಮುಟ್ಟಿ ಹೇಳಲಿ ಎಂದರು. ಮಲಕಾಜಪ್ಪನೂ ಒಪ್ಪಿದ. ಒಂದು ಮಾತು ಹೇಳಿದ್ದರೆ ಸಾಕು, ಮುಳ್ಳು ತೆಗೆಯುತ್ತಿದ್ದರು.

ಬಸಲಿಂಗವ್ವ ಸೆರಗು ಸರಿಮಾಡಿಕೊಂಡು ಎದ್ದು ನಿಂತಳು. “ಹೊಲ ಮಲಕಾಜೀದ, ನಂದು ಅಂತ ನಾ ಎಂದೂ ಅಂದಿಲ್ಲ. ಆದ್ರ ಇಷ್ಟು ವರ್ಷ ನಮ್ಮನ್ನ ಹೊತ್ತ ನೆಲಕ್ಕ ವರ್ಷಕ್ಕೊಂದು ತುತ್ತು ಹಾಕಬ್ಯಾಡ ಅಂದ್ರ ಹ್ಯಾಂಗ್ರಿ? ಅದೊಂದು ನನ್ನ ಕೈಲಿ ಆಗೂದಿಲ್ಲ.”

ಹಟಮಾರಿ ಮುದುಕಿ ಎಂದು ಬೈದವರಿಗೇನೂ ಕೊರತೆಯಿರಲಿಲ್ಲ. ಆ ಸುಗ್ಗಿಯಲ್ಲಿ ಅವಳು ಹೊಳೆಯ ಕೆಸರು ತುಳಿಯುತ್ತ, ಸುತ್ತುಬಳಸಿ, ತೆನೆಯನ್ನು ತಲೆಯ ಮೇಲೆ ಹೊತ್ತು ತಂದಳು. ತರಲಾರದ್ದನ್ನು ಹಕ್ಕಿಗಳು ತಿಂದವು. ಮಳೆಗಾಲದಲ್ಲಿ ಕಾಳಿನ ಗಡಿಗೆಯ ತಳ ಕಂಡಿತು. ಗಂಜಿ ಕುಡಿದು ದಿನ ದೂಡಿದಳೇ ಹೊರತು ಮಲಕಾಜಪ್ಪನ ಬಾಗಿಲಿಗೆ ಹೋಗಲಿಲ್ಲ.

ಮತ್ತೆ ಎಳ್ಳಮಾಸೆ ಬಂತು. ಹೊಳೆಯ ಬಳಸುದಾರಿಯಲ್ಲೇ ಬಂದು ತನ್ನ ಹೊಲಕ್ಕೆ ಚರಗ ಚೆಲ್ಲಿದ ಬಸಲಿಂಗವ್ವ, ಮಿಕ್ಕ ಒಂದು ತುತ್ತನ್ನು ಏನು ಮಾಡಬೇಕೆಂದು ತೋಚದೆ, ನೀರಿನ ತಂಬಿಗೆ ಹಿಡಿದು ಮುಳ್ಳಿನ ಆಚೆ ನಿಂತಿದ್ದಳು. ಆಗ ಮಲಕಾಜಪ್ಪ ಬುಟ್ಟಿ ಹಿಡಿದು ಕೂಗುತ್ತ ಬಂದ. ನೀರು ಹಿಡಿದು ಹಿಂದೆ ಬರುತ್ತಿದ್ದ ಹೆಂಡತಿಯ ಕಾಲಿಗೆ ಅದೇ ಬೇಲಿಯಿಂದ ಉದುರಿದ ಜಾಲಿಮುಳ್ಳು ನೆಟ್ಟು, ಅವಳು ಬೆಳೆಯ ನಡುವೆ ಕುಳಿತುಬಿಟ್ಟಿದ್ದಳು. ಅದನ್ನು ಅವನು ಕಂಡಿರಲಿಲ್ಲ. ಹುಲ್ಲು ಮುಚ್ಚಿದ ದಾರಿಯ ಮೇಲೆ ತುತ್ತು ಎರಚಿ ‘ಹುಲ್ಲುಲ್ಲಿಗೋ’ ಎಂದ. ಓಗೊಡುವವರಿಲ್ಲ. ಇನ್ನೊಮ್ಮೆ ಕೂಗಿದ. ಚರಗ ನಡುವೆ ನಿಂತರೆ ಭೂಮಿತಾಯಿ ಅರೆಹೊಟ್ಟೆಯಲ್ಲಿ ಉಳಿದಂತೆ ಎಂಬ ಭಯ ಅವನಿಗೆ. ಅಷ್ಟರಲ್ಲಿ ಮುಳ್ಳಿನಾಚೆಯಿಂದ ‘ಚಲ್ಲಾಂಬರಿಗೋ’ ಎಂಬ ದನಿ ಬಂತು. ಬಸಲಿಂಗವ್ವನಿಗೆ ತಡೆದುಕೊಳ್ಳಲು ಆಗಿರಲಿಲ್ಲ.

ತನ್ನ ಚರಗ ಅರ್ಧಕ್ಕೆ ನಿಲ್ಲದಂತೆ ಓಗೊಟ್ಟ ಅವಳು ನೆಲ ಕೇಳಿದ್ದಲ್ಲ ಎಂಬುದು ಮಲಕಾಜಪ್ಪನಿಗೆ ಹೊಳೆದದ್ದು ಆಗಲೇ. ಆಮೇಲೆ ಬುಟ್ಟಿ ಇಳಿಸಿ, ಬರಿಗೈಯಲ್ಲೇ ಮುಳ್ಳು ಎಳೆಯತೊಡಗಿದ. ಕೈಯಲ್ಲಿ ರಕ್ತ ಬಂದರೂ ಬಿಡಲಿಲ್ಲ.

“ಚಿಗವ್ವಾ, ಈಚಿ ಬಾ. ನೀರು ಚಿಮುಕಿಸು” ಎಂದ.

“ಹೊಲ ನಿಂದಪಾ. ನಾ ಚೆಲ್ಲಿದ್ರ ಮತ್ತ ತಪ್ಪಾಗತದ.”

“ತುತ್ತು ನಾ ಹಾಕ್ತೀನಿ. ನೀರು ನೀ ಕುಡಸು.”

ಬಸಲಿಂಗವ್ವ ಕಣ್ಣೊರೆಸಿಕೊಳ್ಳುತ್ತ, ತನ್ನಲ್ಲಿ ಉಳಿದಿದ್ದ ತುತ್ತನ್ನು ಅವನ ಬುಟ್ಟಿಗೆ ಹಾಕಿ, ಅವನ ಹಿಂದೆ ನಡೆದಳು. ಆ ಸುಗ್ಗಿಗೆ ಅವಳ ಬಂಡಿಗೆ ಎತ್ತು ಹೂಡಿದವನೂ ಮಲಕಾಜಪ್ಪನೇ ಎನ್ನುತ್ತಾರೆ.

ಈಗ ಆ ಎರಡೂ ಮನೆತನಗಳು ಊರಲ್ಲಿಲ್ಲ. ಎಳ್ಳಮಾಸೆಯ ದಿನ ಹೋದವರಿಗೆ ಮಾತ್ರ ಇಂದಿಗೂ ಎದೆಯೆತ್ತರದ ಜೋಳದ ನಡುವೆ ಇಬ್ಬರು ಒಬ್ಬರ ಹಿಂದೊಬ್ಬರು ನಡೆಯುವುದು ಕಾಣುತ್ತದೆ: ತುತ್ತು ಎರಚುವವರು ಹೊಲದವರು, ನೀರು ಚಿಮುಕಿಸುವವರು ದಾರಿಯವರು. ವರ್ಷವಿಡೀ ಒಬ್ಬರ ಮುಖ ಒಬ್ಬರು ನೋಡದವರೇ ಆಗಿರಲಿ, ಆ ದಿನ ಒಬ್ಬರು ಕೂಗಿದರೆ ಇನ್ನೊಬ್ಬರು ಓಗೊಡುತ್ತಾರೆ.